ಕೊಲ್ಲಾಪುರದಲ್ಲಿ ಮಾತು ಕಲಿತ ಕನ್ನಡ ಚಿತ್ರ

ಕನ್ನಡದ ಮೊದಲ ವಾಕ್ಚಿತ್ರ ಯಾವುದು ಎಂದು ಕೇಳಿದರೆ ಶಾಲೆಯ ಹುಡುಗರೂ ‘ಸತಿ ಸುಲೋಚನಾ’ ಎಂದು ಥಟ್ಟನೆ ಹೇಳುತ್ತಾರೆ. ಅದು 1934ರ ಮಾರ್ಚ್ 3ರಂದು ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ತೆರೆಕಂಡಿತು ಎಂಬುದೂ ಅನೇಕರಿಗೆ ಗೊತ್ತು. ಆದರೆ ಚಿತ್ರ ತಯಾರಾದದ್ದು ಎಲ್ಲಿ, ನಿರ್ದೇಶಿಸಿದವರು ಯಾರು ಎಂಬ ಪ್ರಶ್ನೆಗಳಿಗೆ ಉತ್ತರ ಅಷ್ಟು ಬೇಗ ಬರುವುದಿಲ್ಲ.

ಅದು ತಯಾರಾದದ್ದು ಬೆಂಗಳೂರಿನಲ್ಲೂ ಅಲ್ಲ, ಮೈಸೂರಿನಲ್ಲೂ ಅಲ್ಲ, ಮದರಾಸಿನಲ್ಲೂ ಅಲ್ಲ, ಕೊಲ್ಲಾಪುರದಲ್ಲಿ. ಹುಕ್ಕೇರಿ ತಾಲ್ಲೂಕಿನ ಸಂಕೇಶ್ವರದಿಂದ ಹೆದ್ದಾರಿ ಹಿಡಿದು ನಿಪ್ಪಾಣಿ ದಾಟಿದರೆ ಒಂದೂವರೆ ಗಂಟೆಯೊಳಗೆ ಮುಟ್ಟುವ ಊರು ಅದು. ಗೋಕಾಕ, ಹುಕ್ಕೇರಿ ಸೀಮೆಯ ಬೆಲ್ಲ, ತಂಬಾಕು, ದನಕರು, ಜಾತ್ರೆ, ಬೀಗತನ ಎಲ್ಲಕ್ಕೂ ಕೊಲ್ಲಾಪುರ ಹಳೆಯ ನೆಂಟ. ಕನ್ನಡ ಚಿತ್ರರಂಗದ ತೊಟ್ಟಿಲು ತೂಗಿದ್ದೂ ಅಲ್ಲೇ ಎಂಬುದನ್ನು ಮಾತ್ರ ನಮ್ಮ ಕಡೆಯವರೂ ಮರೆತಿದ್ದಾರೆ.

ಚಿತ್ರದ ನಿರ್ದೇಶಕರು ವೈ.ವಿ. ರಾವ್. ಪೂರ್ಣ ಹೆಸರು ಯರಗುಡಿಪಾಟಿ ವರದರಾವ್. ಮನೆಮಾತು ತೆಲುಗು. ಕನ್ನಡ ಚಿತ್ರರಂಗದ ಚರಿತ್ರೆಯಲ್ಲಿ ಇವರಿಗೆ ಸಿಗುವುದು ಸಾಮಾನ್ಯವಾಗಿ ಒಂದೇ ಸಾಲು. ಆದರೆ ಇವರ ವೃತ್ತಿಜೀವನವನ್ನು ಇಡಿಯಾಗಿ ನೋಡಿದರೆ, ಸಿನಿಮಾಕ್ಕೆ ಮಾತು ಬಂದ ಹೊಸದರಲ್ಲಿ ‘ನಿರ್ದೇಶಕ’ ಎಂದರೆ ಯಾರು, ಭಾಷೆಗೂ ಅವನಿಗೂ ಇದ್ದ ಸಂಬಂಧವೇನು ಎಂಬುದು ಚೆನ್ನಾಗಿ ತಿಳಿಯುತ್ತದೆ.

ಕೊಲ್ಲಾಪುರವೇ ಏಕೆ?

ಈ ಪ್ರಶ್ನೆಗೆ ಉತ್ತರ ಸಿಗಬೇಕಾದರೆ 1917ಕ್ಕೆ ಹೋಗಬೇಕು. ನಾಟಕ ಕಂಪನಿಗಳಿಗೆ ಪರದೆ ಬರೆದುಕೊಡುತ್ತಿದ್ದ ಬಾಬುರಾವ್ ಪೇಂಟರ್ ಆ ವರ್ಷ ಕೊಲ್ಲಾಪುರದಲ್ಲಿ ಮಹಾರಾಷ್ಟ್ರ ಫಿಲ್ಮ್ ಕಂಪನಿ ಕಟ್ಟಿದರು. ಕೊಳ್ಳಲು ಕ್ಯಾಮೆರಾ ಸಿಗದಿದ್ದಾಗ ಅದನ್ನೂ ಊರಲ್ಲೇ ತಯಾರಿಸಿಕೊಂಡರು. ಅವರ ‘ಸೈರಂಧ್ರಿ’ 1920ರಲ್ಲಿ ಬಂತು. 1925ರ ‘ಸಾವ್ಕಾರಿ ಪಾಶ್’ ಸಾಲಗಾರ ರೈತನ ಕಥೆ. ಸಾಹುಕಾರನ ಬಡ್ಡಿಗೆ ಹೊಲ ಕಳೆದುಕೊಂಡು ಪಟ್ಟಣದ ಗಿರಣಿಗೆ ಹೋಗುವ ಯುವಕನಾಗಿ ಅದರಲ್ಲಿ ನಟಿಸಿದವರು ವಿ. ಶಾಂತಾರಾಂ. ದೇವರು, ರಾಕ್ಷಸರ ಕಥೆಗಳೇ ತುಂಬಿದ್ದ ದಿನಗಳಲ್ಲಿ ಇಂಥ ಚಿತ್ರ ತೆಗೆಯಲು ಎದೆಗಾರಿಕೆ ಬೇಕಿತ್ತು.

ಬಾಬುರಾವ್ ಅವರ ಗರಡಿಯಲ್ಲಿ ಪಳಗಿದ ಶಾಂತಾರಾಂ, ದಾಮ್ಲೆ, ಫತ್ತೇಲಾಲ್ ಮೊದಲಾದವರು 1929ರಲ್ಲಿ ಪ್ರಭಾತ್ ಫಿಲ್ಮ್ ಕಂಪನಿ ಆರಂಭಿಸಿದರು. 1932ರಲ್ಲಿ ಪ್ರಭಾತದ ‘ಅಯೋಧ್ಯೇಚಾ ರಾಜಾ’ ಮರಾಠಿಯ ಮೊದಲ ವಾಕ್ಚಿತ್ರವಾಗಿ ಹೊರಬಂತು. ಮರುವರ್ಷ ಪ್ರಭಾತ್ ಪುಣೆಗೆ ಹೋಯಿತು. ಆದರೂ ಊರಲ್ಲಿ ಸ್ಟುಡಿಯೋಗಳು, ಬಡಗಿಗಳು, ಬಣ್ಣ ಹಚ್ಚುವವರು, ಕ್ಯಾಮೆರಾ ತಿಳಿದವರು ಉಳಿದರು. ಚಿತ್ರ ತೆಗೆಯಬೇಕೆಂದು ಹಣ ಹಿಡಿದು ಹೊರಟವನಿಗೆ ಬೇಕಾದದ್ದೆಲ್ಲ ಒಂದೇ ಕಡೆ ಸಿಗುತ್ತಿದ್ದ ಊರು ಅದು. ಬೆಂಗಳೂರಿನಲ್ಲಿ ಮೂಕಿ ಚಿತ್ರಗಳು ತಯಾರಾಗಿದ್ದವಾದರೂ ಮಾತು ಹಿಡಿಯುವ ಅನುಕೂಲ ಇರಲಿಲ್ಲ.

ಮೂಕಿಯಿಂದ ಟಾಕಿಗೆ

ವೈ.ವಿ. ರಾವ್ ಹುಟ್ಟಿದ್ದು 1903ರಲ್ಲಿ, ಆಂಧ್ರದ ನೆಲ್ಲೂರಿನಲ್ಲಿ. ಆ ಕಾಲದ ಎಲ್ಲರಂತೆ ಅವರೂ ಮೊದಲು ರಂಗಭೂಮಿಯ ನಟ. ಆಮೇಲೆ ಸಿನಿಮಾದ ಆಕರ್ಷಣೆಗೆ ಸಿಕ್ಕಿ ಕೊಲ್ಲಾಪುರ, ಮುಂಬಯಿಗಳಿಗೆ ಹೋಗಿ ಮೂಕಿ ಚಿತ್ರಗಳಲ್ಲಿ ಪಾತ್ರ ಮಾಡಿದರು. ಅನಂತರ ಮದರಾಸಿನಲ್ಲಿ ಎ. ನಾರಾಯಣನ್ ಅವರ ಜನರಲ್ ಪಿಕ್ಚರ್ಸ್ ಕಾರ್ಪೊರೇಷನ್ ಸೇರಿ ಮೂಕಿ ಚಿತ್ರಗಳನ್ನು ನಿರ್ದೇಶಿಸಿದರು. ಮೂವತ್ತು ವರ್ಷ ತುಂಬುವ ಹೊತ್ತಿಗೆ ಕ್ಯಾಮೆರಾದ ಮುಂದೆ ನಿಲ್ಲುವುದೂ ಅದರ ಹಿಂದೆ ನಿಲ್ಲುವುದೂ ಅವರಿಗೆ ರೂಢಿಯಾಗಿತ್ತು.

ಇತ್ತ ಬೆಂಗಳೂರಿನಲ್ಲಿ ನೆಲೆಸಿದ್ದ ಮಾರವಾಡಿ ವ್ಯಾಪಾರಿ ಚಮನ್‌ಲಾಲ್ ಡುಂಗಾಜಿ ಸೌತ್ ಇಂಡಿಯಾ ಮೂವಿಟೋನ್ ಎಂಬ ಸಂಸ್ಥೆ ಕಟ್ಟಿ ಕನ್ನಡದಲ್ಲಿ ಮಾತಿನ ಚಿತ್ರ ತೆಗೆಯಲು ಮುಂದಾದರು. ಹಿಂದಿಯ ‘ಆಲಂ ಆರಾ’ 1931ರಲ್ಲಿ ಬಂದಿತ್ತು. ಅದೇ ವರ್ಷ ತಮಿಳು, ತೆಲುಗಿನವರೂ ತೆರೆಯ ಮೇಲೆ ಮಾತು ಕೇಳಿದ್ದರು. ಕನ್ನಡದ್ದು ಮಾತ್ರ ಬಾಕಿಯಿತ್ತು.

ಹಣ ಮಾರವಾಡಿಯದು, ಸ್ಟುಡಿಯೋ ಮರಾಠಿ ಊರಿನದು, ನಿರ್ದೇಶಕ ತೆಲುಗಿನವರು. ಹಾಗಾದರೆ ಈ ಚಿತ್ರದಲ್ಲಿ ಕನ್ನಡ ಎಲ್ಲಿಂದ ಬರಬೇಕು? ಅದು ಬಂದದ್ದು ನಾಟಕ ಕಂಪನಿಯಿಂದ. ಕಥೆ, ಸಂಭಾಷಣೆ, ಹಾಡು ಬರೆದವರು ತುಮಕೂರು ಸೀಮೆಯ ಬೆಳ್ಳಾವೆ ನರಹರಿ ಶಾಸ್ತ್ರಿಗಳು. ಗುಬ್ಬಿ ಕಂಪನಿಗೆ ‘ಕೃಷ್ಣಲೀಲಾ’ದಂಥ ನಾಟಕಗಳನ್ನು ಬರೆದುಕೊಟ್ಟು ಪ್ರೇಕ್ಷಕರ ನಾಡಿ ಬಲ್ಲವರು. ಇಂದ್ರಜಿತುವಾಗಿ ಎಂ.ವಿ. ಸುಬ್ಬಯ್ಯ ನಾಯ್ಡು, ಸುಲೋಚನೆಯಾಗಿ ತ್ರಿಪುರಾಂಬಾ, ರಾವಣನಾಗಿ ಆರ್. ನಾಗೇಂದ್ರರಾವ್, ಮಂಡೋದರಿಯಾಗಿ ಲಕ್ಷ್ಮೀಬಾಯಿ ಅಭಿನಯಿಸಿದರು. ನಾಯ್ಡು ಮತ್ತು ನಾಗೇಂದ್ರರಾವ್ ವೃತ್ತಿ ರಂಗಭೂಮಿಯ ಹೆಸರಾಂತ ಜೋಡಿ. ಶ್ರೀ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿ ಅವರಿಬ್ಬರ ಹೆಸರಿನೊಡನೆ ಬೆಸೆದುಕೊಂಡ ಕಂಪನಿ. ನಿರ್ದೇಶಕ ರಾವ್ ಲಕ್ಷ್ಮಣನ ಪಾತ್ರವನ್ನು ತಾವೇ ವಹಿಸಿದರು. ರಾಮಾಯಣದಲ್ಲಿ ಇಂದ್ರಜಿತುವನ್ನು ಕೊಲ್ಲುವವನು ಲಕ್ಷ್ಮಣ. ಹೀಗಾಗಿ ಕನ್ನಡದ ಮೊದಲ ನಾಯಕನ ಕಥೆ ಮುಗಿಸುವ ಪಾತ್ರವೂ ಕನ್ನಡದ ಮೊದಲ ನಿರ್ದೇಶಕನ ಪಾಲಿಗೆ ಬಂತು.

ಅಂದು ಬೆಂಗಳೂರಿನಿಂದ ಮೀರಜದ ಕಡೆಗೆ ಹೋಗುವ ಮೀಟರ್ ಗೇಜ್ ರೈಲು ದಾರಿ ಹುಬ್ಬಳ್ಳಿ, ಲೋಂಡಾ, ಬೆಳಗಾವಿ, ಗೋಕಾಕ ರೋಡ್ ಮೂಲಕ ಸಾಗುತ್ತಿತ್ತು. ಮೈಸೂರು ಸೀಮೆಯಿಂದ ಕೊಲ್ಲಾಪುರ ಮುಟ್ಟಲು ಘಟಪ್ರಭಾ ನದಿ ದಾಟಲೇಬೇಕು. ಬೆಂಗಳೂರು ಮೈಸೂರು ಮಹಾರಾಜರದು, ಗೋಕಾಕ, ಹುಕ್ಕೇರಿ ಮುಂಬಯಿ ಪ್ರಾಂತ್ಯದವು, ಕೊಲ್ಲಾಪುರ ಇನ್ನೊಂದು ಸಂಸ್ಥಾನ. ಮೂರು ಆಡಳಿತಗಳ ಗಡಿಗಳಿದ್ದರೂ ಕನ್ನಡದ ಮೊದಲ ಚಿತ್ರಕ್ಕೆ ಅವು ಅಡ್ಡ ಬರಲಿಲ್ಲ.

ಪಾರಿಜಾತದ ಭಾಗವತ, ಸಿನಿಮಾದ ನಿರ್ದೇಶಕ

ಭಾಷೆ ತನ್ನದಲ್ಲದ ಚಿತ್ರವನ್ನು ಒಬ್ಬ ಹೇಗೆ ನಿರ್ದೇಶಿಸುತ್ತಾನೆ? ಇದನ್ನು ತಿಳಿಯಲು ಗೋಕಾಕ, ಮೂಡಲಗಿ ಕಡೆಯವರಿಗೆ ಪರಿಚಿತವಾದ ಶ್ರೀಕೃಷ್ಣ ಪಾರಿಜಾತವನ್ನೇ ನೆನೆಯಬಹುದು. ಈ ಆಟಕ್ಕೆ ಇಂದಿನ ರೂಪ ಕೊಟ್ಟವರಲ್ಲಿ ಮುಖ್ಯನಾದ ತಮ್ಮಣ್ಣನ ಊರು ಕುಲಗೋಡ. ಕೌಜಲಗಿ ನಿಂಗಮ್ಮನಂಥ ಕಲಾವಿದೆಯಿಂದ ಅದು ನಾಡಿನಾಚೆಗೂ ಹೆಸರಾಯಿತು. ಪಾರಿಜಾತದಲ್ಲಿ ಎಲ್ಲದರ ಸೂತ್ರ ಭಾಗವತನ ಕೈಯಲ್ಲಿ. ಗೊಲ್ಲತಿಯನ್ನು ಮಾತನಾಡಿಸುವವನು ಅವನು, ಸತ್ಯಭಾಮೆಯ ಬಿಂಕವನ್ನು ಕೆಣಕುವವನು ಅವನು, ಜನ ತೂಕಡಿಸಿದರೆ ನಗಿಸುವವನೂ ಅವನೇ. ಆತ ರಂಗದ ಮೇಲೆಯೇ ನಿಂತು ಆಟ ನಡೆಸುತ್ತಾನೆ. ಇಡೀ ರಾತ್ರಿ ಅವನ ಬಂಡವಾಳ ಮಾತು.

ಕಂಪನಿ ನಾಟಕದಲ್ಲಿ ಈ ಕೆಲಸ ಮಾಲೀಕ, ಕವಿ, ಹಾರ್ಮೋನಿಯಂ ಮಾಸ್ತರ ಎಂದು ಹಂಚಿಹೋಯಿತು. ಸಿನಿಮಾದಲ್ಲಿ ಸೂತ್ರಧಾರ ತೆರೆಯಿಂದ ಪೂರ್ತಿ ಮರೆಯಾದ. ಅವನ ಕೆಲಸ ಮಾತನಾಡುವುದಲ್ಲ, ಮಾತು ಯಂತ್ರಕ್ಕೆ ಸಿಗುವಂತೆ ಮಾಡುವುದು.

ಅದು ಸಣ್ಣ ಕೆಲಸವಾಗಿರಲಿಲ್ಲ. ಕಂಪನಿಯ ನಟ ಕೊನೆಯ ಸಾಲಿನ ನಾಲ್ಕಾಣೆ ಪ್ರೇಕ್ಷಕನಿಗೂ ಕೇಳಬೇಕೆಂದು ಗಂಟಲು ಎತ್ತಿ ಕೂಗಿ ಬೆಳೆದವನು. ಮೈಕಿಗೆ ಆ ಕೂಗು ಬೇಡ. ರಂಗದಲ್ಲಿ ನಟ ‘ಒನ್ಸ್ ಮೋರ್’ ಬಂದಷ್ಟು ಸಲ ಹಾಡಬಹುದು. ಇಲ್ಲಿ ಫಿಲ್ಮಿನ ಅಡಿ ಅಡಿಗೂ ದುಡ್ಡು. ಒಬ್ಬರು ನಟಿಸಿ ಮತ್ತೊಬ್ಬರು ಹಾಡುವ ಹಿನ್ನೆಲೆ ಗಾಯನ ಇನ್ನೂ ಬಂದಿರಲಿಲ್ಲ. ನಟರೇ ಹಾಡಬೇಕು, ಹಾಡುತ್ತಲೇ ಅಭಿನಯಿಸಬೇಕು, ವಾದ್ಯದವರು ಕ್ಯಾಮೆರಾ ಕಣ್ಣಿಗೆ ಬೀಳದಂತೆ ಆಚೆ ಕುಳಿತು ಜೊತೆ ಕೊಡಬೇಕು. ನಡುವೆ ಒಬ್ಬ ಕೆಮ್ಮಿದರೂ ಎಲ್ಲ ಮೊದಲಿನಿಂದ. ವಿದ್ಯುದ್ದೀಪಗಳನ್ನು ನೆಚ್ಚುವಂತಿರಲಿಲ್ಲವಾದ್ದರಿಂದ ಬಿಸಿಲನ್ನೇ ಪ್ರತಿಫಲಕಗಳಿಂದ ತಿರುಗಿಸಿ ಚಿತ್ರೀಕರಿಸುವುದು ವಾಡಿಕೆ. ಮೋಡ ಕವಿದರೆ ಲಂಕೆಯ ಯುದ್ಧವೂ ನಿಲ್ಲುತ್ತಿತ್ತು.

‘ಸತಿ ಸುಲೋಚನಾ’ದ ಚಿತ್ರೀಕರಣ ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿ ಎರಡು ತಿಂಗಳಲ್ಲಿ ಮುಗಿಯಿತು. ಆದ ಖರ್ಚು ಸುಮಾರು 40 ಸಾವಿರ ರೂಪಾಯಿ. ಸುಮಾರು ಮೂರು ಗಂಟೆಯ ಚಿತ್ರ. ಬೆಂಗಳೂರಿನಲ್ಲಿ ತೆರೆಕಂಡಾಗ ಜನ ಮುಗಿಬಿದ್ದು ನೋಡಿದರು. ಪರದೆಯ ಮೇಲಿನ ನೆರಳು ತಮ್ಮ ಮನೆಯ ಮಾತನ್ನಾಡಿದ್ದನ್ನು ಅವರು ಕೇಳಿದ್ದು ಅದೇ ಮೊದಲು.

ಸ್ವೀಡನ್ನಿನ ಒಂದು ಹೋಲಿಕೆ

ಮಾತು ಬಂದದ್ದರಿಂದ ನಿರ್ದೇಶಕನಿಗೆ ಏನಾಯಿತು ಎಂಬುದಕ್ಕೆ ಬಹಳ ದೂರದ ಒಂದು ಉದಾಹರಣೆ ಇದೆ. ಸ್ವೀಡನ್ ದೇಶದ ವಿಕ್ಟರ್ ಶೋಸ್ಟ್ರೋಮ್ ಜಗತ್ತಿನ ಮೊದಲ ತಲೆಮಾರಿನ ದೊಡ್ಡ ನಿರ್ದೇಶಕರಲ್ಲಿ ಒಬ್ಬರು. ಅವರೂ ರಂಗಭೂಮಿಯಿಂದ ಬಂದವರೇ. ಗಂಡ ಸತ್ತು ಬಡತನಕ್ಕೆ ಬಿದ್ದು ಮಕ್ಕಳನ್ನು ಕಳೆದುಕೊಳ್ಳುವ ತಾಯಿಯೊಬ್ಬಳ ಕಥೆಯನ್ನು 1913ರಲ್ಲಿ ‘ಇಂಗೆಬೋರ್ಗ್ ಹೋಲ್ಮ್’ ಎಂಬ ಚಿತ್ರ ಮಾಡಿದರು. ನೊಬೆಲ್ ಪುರಸ್ಕೃತ ಲೇಖಕಿ ಸೆಲ್ಮಾ ಲಾಗರ್‌ಲಾಫ್ ಅವರ ಕಥೆಗಳಿಗೆ ತಾವೇ ಚಿತ್ರಕಥೆ ಬರೆದು ನಿರ್ದೇಶಿಸಿ, ಮುಖ್ಯ ಪಾತ್ರವನ್ನೂ ವಹಿಸಿದರು. 1923ರಲ್ಲಿ ಹಾಲಿವುಡ್ಡಿಗೆ ಕರೆ ಬಂತು. ಚಿತ್ರಗಳು ಮೂಕವಾಗಿದ್ದುದರಿಂದ ಸ್ವೀಡನ್ನಿನ ನಿರ್ದೇಶಕ ಅಮೆರಿಕದಲ್ಲಿ ಕೆಲಸ ಮಾಡಲು ಭಾಷೆಯ ತೊಡಕು ಇರಲಿಲ್ಲ. ಟಾಕಿ ಬಂದ ಮೇಲೆ ಅಲ್ಲಿ ಒಂದೇ ಒಂದು ಮಾತಿನ ಚಿತ್ರ ಮಾಡಿ 1930ರಲ್ಲಿ ತಾಯ್ನಾಡಿಗೆ ಮರಳಿದರು. ಆಮೇಲೆ ಅವರು ಹೆಚ್ಚಾಗಿ ನಟರಾಗಿಯೇ ಉಳಿದರು.

ದಕ್ಷಿಣ ಭಾರತದಲ್ಲಿ ಆದದ್ದು ಇದಕ್ಕೆ ತದ್ವಿರುದ್ಧ. ಇಲ್ಲಿ ಮಾತು ಬಂದ ಕೂಡಲೇ ಚಿತ್ರಕ್ಕೆ ಒಂದು ಭಾಷೆ ಅಂಟಿಕೊಂಡಿತು, ಆದರೆ ನಿರ್ದೇಶಕನಿಗೆ ಅಂಟಿಕೊಳ್ಳಲಿಲ್ಲ. ಯಂತ್ರ ಬಲ್ಲವರು ಬೆರಳೆಣಿಕೆಯ ಮಂದಿ. ಅವರನ್ನು ಬಿಟ್ಟರೆ ಗತಿಯಿರಲಿಲ್ಲ. ಭಾಷೆಯ ಭಾರ ಹೊರಲು ನಾಟಕದ ಕವಿ ಇದ್ದ, ಕಂಪನಿಯ ನಟರಿದ್ದರು. ಆದ್ದರಿಂದಲೇ ರಾವ್ ಅವರಂಥವರು ಊರಿಂದ ಊರಿಗೆ, ಭಾಷೆಯಿಂದ ಭಾಷೆಗೆ ಸಲೀಸಾಗಿ ದಾಟಿದರು.

ಮಧುರೆಯ ‘ಚಿಂತಾಮಣಿ’

‘ಸತಿ ಸುಲೋಚನಾ’ ಬಂದ ಮೂರು ವರ್ಷಕ್ಕೆ, 1937ರಲ್ಲಿ, ರಾವ್ ತಮಿಳಿನಲ್ಲಿ ‘ಚಿಂತಾಮಣಿ’ ನಿರ್ದೇಶಿಸಿದರು. ಬಿಲ್ವಮಂಗಳನ ಕಥೆ. ನಾಯಕ ಎಂ.ಕೆ. ತ್ಯಾಗರಾಜ ಭಾಗವತರ್, ನಾಯಕಿ ಅದಕ್ಕೆ ಮೊದಲು ಕನ್ನಡದ ‘ಸದಾರಮೆ’ಯಲ್ಲಿ ನಟಿಸಿದ್ದ ಕೆ. ಅಶ್ವತ್ಥಮ್ಮ. ಚಿತ್ರ ಒಂದು ವರ್ಷಕ್ಕೂ ಮೀರಿ ಓಡಿತು. ನಿರ್ಮಾಪಕರು ಬಂದ ಲಾಭದಲ್ಲಿ ಮಧುರೆಯಲ್ಲಿ ಅದೇ ಹೆಸರಿನ ಚಿತ್ರಮಂದಿರ ಕಟ್ಟಿಸಿದರು ಎಂಬುದು ಅಲ್ಲಿನವರು ಇಂದಿಗೂ ಹೇಳುವ ಮಾತು. ತೆಲುಗಿನ ನಿರ್ದೇಶಕ, ಕನ್ನಡದ ನಾಯಕಿ, ತಮಿಳು ಚಿತ್ರ: ಇದನ್ನು ಆಗ ಯಾರೂ ವಿಶೇಷವೆಂದು ಎಣಿಸಲಿಲ್ಲ.

1939ರಲ್ಲಿ ರಾವ್ ತೆಲುಗಿನಲ್ಲಿ ‘ಮಳ್ಳಿ ಪೆಳ್ಳಿ’ ತೆಗೆದರು. ಹೆಸರಿನ ಅರ್ಥ ‘ಮರುಮದುವೆ’. ಬಾಲವಿಧವೆಯ ಪುನರ್ವಿವಾಹವೇ ವಸ್ತು. ಕಾಂಚನಮಾಲಾ ಎದುರು ನಾಯಕರಾಗಿ ತಾವೇ ನಟಿಸಿದರು. ಗಂಡನ ಜೊತೆ ಚಿತೆಯೇರುವ ಸುಲೋಚನೆಯ ಕಥೆಯಿಂದ ಟಾಕಿ ನಿರ್ದೇಶನ ಆರಂಭಿಸಿದವರು ಐದೇ ವರ್ಷಗಳಲ್ಲಿ, ಗಂಡ ಸತ್ತವಳಿಗೆ ಇನ್ನೊಂದು ಬದುಕು ಬೇಕು ಎನ್ನುವ ಕಥೆಗೆ ಬಂದಿದ್ದರು. ಇದು ಬರೀ ವ್ಯಾಪಾರದ ಲೆಕ್ಕಾಚಾರವೆಂದು ತಳ್ಳಿಹಾಕುವಂಥದ್ದಲ್ಲ. ಆ ದಿನಗಳಲ್ಲಿ ಈ ವಿಷಯಕ್ಕೆ ವಿರೋಧ ಮನೆ ಮನೆಯಲ್ಲೂ ಇತ್ತು. ಮರುವರ್ಷದ ‘ವಿಶ್ವಮೋಹಿನಿ’ಯಲ್ಲಿ ಸಿನಿಮಾ ಜಗತ್ತಿನ ಒಳಗನ್ನೇ ಕಥೆಯಾಗಿಸಿದರು.

1941ರ ತಮಿಳು ‘ಸಾವಿತ್ರಿ’ಯಲ್ಲಿ ಅವರು ಮತ್ತೆ ಮರಾಠಿ ಚಿತ್ರರಂಗದ ಕಡೆ ತಿರುಗಿದರು. ಸಾವಿತ್ರಿಯ ಪಾತ್ರಕ್ಕೆ ಪ್ರಭಾತದ ಪ್ರಸಿದ್ಧ ನಟಿ ಶಾಂತಾ ಆಪ್ಟೆ ಅವರನ್ನು ಕರೆತಂದರು. ಆಕೆ ತಮಿಳು ಕಲಿತು ಮಾತನಾಡಿದರು. ನಾರದನ ಪಾತ್ರದಲ್ಲಿ ಹಾಡಿದವರು ಎಂ.ಎಸ್. ಸುಬ್ಬುಲಕ್ಷ್ಮಿ. 1946ರ ‘ಲವಂಗಿ’ಯಲ್ಲಿ ರಾವ್ ಜಗನ್ನಾಥ ಪಂಡಿತನಾಗಿ, ರುಕ್ಮಿಣಿ ಲವಂಗಿಯಾಗಿ ನಟಿಸಿದರು. ರುಕ್ಮಿಣಿ ಅವರ ಪತ್ನಿಯಾದರು. ಆ ದಂಪತಿಯ ಮಗಳೇ ನಟಿ ಲಕ್ಷ್ಮಿ. 1968ರ ‘ಗೋವಾದಲ್ಲಿ ಸಿ.ಐ.ಡಿ. 999’ ಚಿತ್ರದಿಂದ ಕನ್ನಡಕ್ಕೆ ಬಂದ ಲಕ್ಷ್ಮಿಯನ್ನು ‘ನಾ ನಿನ್ನ ಮರೆಯಲಾರೆ’ ನೋಡಿದ ಯಾರೂ ಪರಕೀಯರೆಂದು ಎಣಿಸಲಿಲ್ಲ. ಆದರೆ ಆಕೆಯ ತಂದೆ ಕನ್ನಡದ ಮೊದಲ ವಾಕ್ಚಿತ್ರದ ನಿರ್ದೇಶಕ ಎಂಬುದು ಎಷ್ಟು ಜನರಿಗೆ ಗೊತ್ತು? ವೈ.ವಿ. ರಾವ್ ತೀರಿಕೊಂಡದ್ದು 1973ರಲ್ಲಿ.

ಬರೆದವರೇ ನಿರ್ದೇಶಿಸಿದಾಗ

ರಾವ್ ಒಬ್ಬರೇ ಹೀಗಿರಲಿಲ್ಲ. ಅದೇ 1934ರಲ್ಲಿ ಬಂದ ‘ಭಕ್ತ ಧ್ರುವ’ದ ನಿರ್ದೇಶಕ ಮರಾಠಿಯ ಪಾರ್ಶ್ವನಾಥ ಅಲ್ಟೇಕರ್. 1935ರ ‘ಸದಾರಮೆ’ಗೆ ರಾಜಾ ಚಂದ್ರಶೇಖರ್. 1936ರಲ್ಲಿ ‘ಸಂಸಾರ ನೌಕ’ ಬಂದಾಗ ಪರಿಸ್ಥಿತಿ ಬದಲಾಯಿತು. ಮಹಮದ್ ಪೀರ್ ಅವರ ಚಂದ್ರಕಲಾ ನಾಟಕ ಮಂಡಳಿಯಲ್ಲಿದ್ದ ಎಚ್.ಎಲ್.ಎನ್. ಸಿಂಹ ತಾವು ಬರೆದ ನಾಟಕವನ್ನು ತಾವೇ ಚಿತ್ರವಾಗಿ ನಿರ್ದೇಶಿಸಿದರು. ಪುರಾಣ ಬಿಟ್ಟು ಸಂಸಾರದ ಕಥೆ ಹೇಳಿದ ಮೊದಲ ಕನ್ನಡ ವಾಕ್ಚಿತ್ರ ಅದು. ಬರೆಯುವ ಕೈ, ನಿರ್ದೇಶಿಸುವ ಕಣ್ಣು ಎರಡೂ ಒಬ್ಬನೇ ಕನ್ನಡಿಗನದಾದಾಗ ಚಿತ್ರದ ವಸ್ತುವೂ ಲಂಕೆಯಿಂದ ಮನೆಯಂಗಳಕ್ಕೆ ಇಳಿದದ್ದು ಆಕಸ್ಮಿಕವಲ್ಲ. ಇದೇ ಸಿಂಹ 1954ರಲ್ಲಿ ‘ಬೇಡರ ಕಣ್ಣಪ್ಪ’ ನಿರ್ದೇಶಿಸಿ ಮುತ್ತುರಾಜನನ್ನು ರಾಜಕುಮಾರ್ ಮಾಡಿದರು.

ಆದರೆ ರಾವ್ ಇಲ್ಲದೆ ಸಿಂಹ ಅವರಿಗೆ ದಾರಿ ಸುಲಭವಿತ್ತೇ? ನಾಟಕದ ಕನ್ನಡ ಯಂತ್ರದಲ್ಲಿ ನಿಲ್ಲುತ್ತದೆ, ಜನ ದುಡ್ಡು ಕೊಟ್ಟು ಅದನ್ನು ಕೇಳುತ್ತಾರೆ ಎಂಬುದನ್ನು ಮೊದಲು ತೋರಿಸಿಕೊಟ್ಟದ್ದು ಕೊಲ್ಲಾಪುರದ ಆ ಎರಡು ತಿಂಗಳು.

ತೀರದ ಲೆಕ್ಕ

ನಮ್ಮ ಭಾಗಕ್ಕೆ ಇದರಲ್ಲಿ ಬೇರೊಂದು ಮಾತೂ ಇದೆ. ಸ್ಟುಡಿಯೋ ಪಕ್ಕದಲ್ಲೇ ಇದ್ದರೂ ಮೊದಲ ಕನ್ನಡ ಚಿತ್ರದ ಪ್ರಮುಖ ಪಾತ್ರಗಳಿಗೆ ಬಂದವರು ಮೈಸೂರು ಸೀಮೆಯವರು. ಇಲ್ಲಿನ ಪ್ರತಿಭೆ ಬೇರೆ ಕಡೆ ಹರಿಯಿತು. ಹುಬ್ಬಳ್ಳಿ ಕಡೆಯ ಶಾಂತಾ ಹುಬ್ಳೀಕರ್ 1939ರಲ್ಲಿ ಪ್ರಭಾತದ ‘ಮಾಣೂಸ್’ ಚಿತ್ರದಿಂದ ಮರಾಠಿಗರ ಮನೆಮಾತಾದರು. ಬೀಳಗಿಯ ಅಮೀರಬಾಯಿ ಕರ್ನಾಟಕಿ ಮುಂಬಯಿ ಚಿತ್ರಗಳ ಗಾಯಕಿಯಾದರು. ಕನ್ನಡ ಚಿತ್ರರಂಗ ಮೈಸೂರು, ಬೆಂಗಳೂರು, ಮದರಾಸುಗಳ ನಡುವೆ ಬೆಳೆಯಿತು. ಉತ್ತರದ ಕನ್ನಡ ಅದರಲ್ಲಿ ಬಹುಕಾಲ ಹಾಸ್ಯಪಾತ್ರದ ಮಾತಾಗಿ ಮಾತ್ರ ಕೇಳಿಸಿತು.

ಹಾಗೆಂದು ಪೂರ್ತಿ ಕೈಬಿಟ್ಟುಹೋಗಲಿಲ್ಲ. 1962ರ ‘ಕರುಣೆಯೇ ಕುಟುಂಬದ ಕಣ್ಣು’ ಕನ್ನಡ ಕಾದಂಬರಿಯನ್ನು ಆಧರಿಸಿದ ಮೊದಲ ಚಿತ್ರವೆಂದು ಹೆಸರಾಗಿದೆ. ಅದರ ಮೂಲ ಗೋಕಾಕದ ನಂಟಿದ್ದ ಕೃಷ್ಣಮೂರ್ತಿ ಪುರಾಣಿಕರ ‘ಧರ್ಮದೇವತೆ’. 1982ರಲ್ಲಿ ವಿ.ಕೃ. ಗೋಕಾಕ ವರದಿಯ ಪರವಾಗಿ ರಾಜಕುಮಾರ್ ಬೀದಿಗಿಳಿದಾಗ ‘ಗೋಕಾಕ’ ಎಂಬ ಹೆಸರು ಚಿತ್ರರಂಗದ ಬಾಯಲ್ಲೆಲ್ಲ ಕೇಳಿಸಿತು.

ಕನ್ನಡ, ಮರಾಠಿಗಳ ನಡುವೆ ಯಾರು ಯಾರಿಗೆ ಸಾಲಗಾರರು ಎಂದು ಲೆಕ್ಕ ಹಾಕಲು ಹೊರಟರೆ ಅದು ತೀರುವಂಥದ್ದಲ್ಲ. ಉತ್ತರ ಕನ್ನಡದ ಕರ್ಕಿಯ ಭಾಗವತರ ಆಟವನ್ನು ಸಾಂಗಲಿಯಲ್ಲಿ ನೋಡಿದ ಪ್ರೇರಣೆಯಿಂದ ವಿಷ್ಣುದಾಸ ಭಾವೆ 1843ರಲ್ಲಿ ‘ಸೀತಾ ಸ್ವಯಂವರ’ ಆಡಿಸಿದರು. ಮರಾಠಿ ರಂಗಭೂಮಿ ತನ್ನ ಹುಟ್ಟನ್ನು ಅಲ್ಲಿಂದ ಎಣಿಸುತ್ತದೆ. ಮರಾಠಿ ಸಂಗೀತ ನಾಟಕದ ಮೂಲಪುರುಷ ಅಣ್ಣಾಸಾಹೇಬ ಕಿರ್ಲೋಸ್ಕರ್ ಹುಟ್ಟಿದ್ದು ನಮ್ಮ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ. ಸಾಂಗಲಿಯ ಆ ನಾಟಕವಾಗಿ ತೊಂಬತ್ತು ವರ್ಷಗಳ ಮೇಲೆ ಅದಕ್ಕೆ ಹತ್ತಿರದ ಕೊಲ್ಲಾಪುರದಲ್ಲಿ ಕನ್ನಡಕ್ಕೆ ಮೊದಲ ಮಾತಿನ ಚಿತ್ರ ಸಿಕ್ಕಿತು. ಗಡಿಯ ವಿಚಾರ ಬಂದಾಗಲೆಲ್ಲ ಎರಡೂ ಕಡೆ ದನಿ ಏರುತ್ತದೆ, ಬಸ್ಸುಗಳು ನಿಲ್ಲುತ್ತವೆ, ಫಲಕಗಳಿಗೆ ಮಸಿ ಬೀಳುತ್ತದೆ. ಇಂಥ ಹೊತ್ತಿನಲ್ಲಿ ನೆನೆಯಬೇಕಾದ ಸಂಗತಿಗಳಿವು.

‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಅಂದಿನ ನೈಟ್ರೇಟ್ ಫಿಲ್ಮು 1934ರ ಬಿಸಿಲನ್ನು ಹಿಡಿದಷ್ಟೇ ಸುಲಭವಾಗಿ ಬೆಂಕಿಯನ್ನೂ ಹಿಡಿಯುವಂಥದ್ದು. ಜೋಪಾನ ಮಾಡದಿದ್ದರೆ ಡಬ್ಬಿಯಲ್ಲೇ ಪುಡಿಯಾಗುವಂಥದ್ದು. ಅದನ್ನು ಕಾಪಾಡಲು ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಆರಂಭವಾದದ್ದೇ 1964ರಲ್ಲಿ, ಚಿತ್ರ ಬಂದ ಮೂವತ್ತು ವರ್ಷಗಳ ಮೇಲೆ. ಹೀಗಾಗಿ ಕನ್ನಡ ಚಿತ್ರದ ಮೊದಲ ಮಾತು ಹೇಗೆ ಕೇಳಿಸಿತು ಎಂದು ತಿಳಿಯಲು ದಾರಿಯಿಲ್ಲ. ಉಳಿದಿರುವುದು ಕೆಲವು ಹೆಸರುಗಳು, ಒಂದು ತಾರೀಖು, ಒಂದು ಊರು. ಪ್ರತಿ ವರ್ಷ ಮಾರ್ಚ್ 3 ಬಂದಾಗ ನಾಯ್ಡು, ತ್ರಿಪುರಾಂಬಾ, ಬೆಳ್ಳಾವೆ ಶಾಸ್ತ್ರಿಗಳ ಜೊತೆಗೆ ನೆಲ್ಲೂರಿನ ವೈ.ವಿ. ರಾವ್ ಅವರ ಹೆಸರನ್ನೂ, ಹುಕ್ಕೇರಿಯ ಆಚೆಗಿರುವ ಆ ಮರಾಠಿ ಊರಿನ ಹೆಸರನ್ನೂ ಸೇರಿಸಿ ಹೇಳುವುದು ನ್ಯಾಯ.